ತ್ರಿಪುರದಿಂದ ‘ತ್ರಿಪುರವಿಮಾನ’ದವರೆಗೆ: ಆಕಾಶನಗರಗಳ ಕಥನ ಮತ್ತು ಒಂದು ಗ್ರಂಥದ ಪ್ರಾಚೀನತೆಯ ಪ್ರಶ್ನೆ

ಆಕಾಶದಲ್ಲಿ ಸಂಚರಿಸುವ ನಗರದ ಕಲ್ಪನೆ ಭಾರತೀಯ ಸಾಹಿತ್ಯದಲ್ಲಿ ಬಹು ಹಳೆಯದು. ತಾರಕಾಸುರನ ಮಕ್ಕಳ ತ್ರಿಪುರ, ಸಾಲ್ವನ ಸೌಭ, ಪೌಲೋಮ ಮತ್ತು ಕಾಲಕೇಯರ ಹಿರಣ್ಯಪುರ ಇವು ಮೂರೂ ಮಹಾಭಾರತದಲ್ಲಿಯೇ ದೊರೆಯುತ್ತವೆ. ಇವುಗಳ ಕಥೆಯನ್ನು ಪುರಾಣಗಳು ವಿಸ್ತರಿಸಿವೆ, ಶಿಲ್ಪಿಗಳು ಕಲ್ಲಿನಲ್ಲಿ ಕಡೆದಿದ್ದಾರೆ, ಕನ್ನಡ ಕವಿಗಳು ತಮ್ಮ ತಮ್ಮ ಮತಧರ್ಮಕ್ಕೆ ಹೊಂದುವಂತೆ ಮರುಕಟ್ಟಿದ್ದಾರೆ. ಆದರೆ ಇಪ್ಪತ್ತನೆಯ ಶತಮಾನದ ಉತ್ತರಾರ್ಧದಿಂದ ಈಚೆಗೆ ಈ ನಗರಗಳ ಮಾತು ಬಂದಾಗಲೆಲ್ಲ ಓದುಗರ ಗಮನ ಮಹಾಭಾರತದ ಕಡೆಗೆ ಹೋಗುವುದಕ್ಕಿಂತ ‘ವೈಮಾನಿಕ ಶಾಸ್ತ್ರ’ವೆಂಬ ಗ್ರಂಥದ ಕಡೆಗೆ ಹೋಗುವುದು ರೂಢಿಯಾಗಿದೆ. ಭರದ್ವಾಜ ಮಹರ್ಷಿಯ ಕೃತಿಯೆಂದು ಪ್ರಚಾರಗೊಂಡಿರುವ ಈ ಗ್ರಂಥದಲ್ಲಿ ಶಕುನ, ಸುಂದರ, ರುಕ್ಮ, ತ್ರಿಪುರ ಎಂಬ ನಾಲ್ಕು ವಿಮಾನಗಳ ವರ್ಣನೆಯಿದೆ. ನಾಲ್ಕನೆಯದರ ಹೆಸರು ಆಕಸ್ಮಿಕವಲ್ಲ. ಕಾವ್ಯದ ಒಂದು ನಗರವು ಶಾಸ್ತ್ರದ ಒಂದು ಯಂತ್ರವಾಗಿ ಮಾರ್ಪಟ್ಟ ಬಗೆಯನ್ನು ಅದರಲ್ಲಿ ಕಾಣಬಹುದು. ಆ ಮಾರ್ಪಾಟಿನಲ್ಲಿ ಕಳೆದುಹೋದದ್ದೇನೆಂಬುದು ಇಲ್ಲಿಯ ವಿಚಾರ.

ತ್ರಿಪುರದ ಮೂಲವನ್ನು ಹುಡುಕುವವರು ಮಹಾಭಾರತಕ್ಕಿಂತ ಹಿಂದೆ, ಯಜುರ್ವೇದದ ಬ್ರಾಹ್ಮಣಭಾಗಗಳಿಗೆ ಹೋಗಬೇಕಾಗುತ್ತದೆ. ತೈತ್ತಿರೀಯ ಸಂಹಿತೆಯ ಆರನೆಯ ಕಾಂಡದಲ್ಲಿ ಸೋಮಯಾಗದ ಅಂಗವಾದ ‘ಉಪಸದ್’ ಎಂಬ ಕರ್ಮದ ಪ್ರಸ್ತಾಪ ಬರುತ್ತದೆ. ಅಲ್ಲಿ ಅಸುರರಿಗೆ ಮೂರು ಪುರಗಳಿದ್ದುವೆಂದೂ, ಕೆಳಗಿನದು ಕಬ್ಬಿಣದ್ದು, ಅದರ ಮೇಲಿನದು ಬೆಳ್ಳಿಯದು, ಎಲ್ಲಕ್ಕೂ ಮೇಲಿನದು ಚಿನ್ನದ್ದು ಎಂದೂ, ದೇವತೆಗಳು ಅವುಗಳನ್ನು ಯುದ್ಧದಿಂದ ಗೆಲ್ಲಲಾರದೆ ಉಪಸದಿಯಿಂದ, ಎಂದರೆ ಸುತ್ತುವರಿದು ಕುಳಿತುಕೊಳ್ಳುವುದರಿಂದ, ಗೆಲ್ಲಬಯಸಿದರೆಂದೂ ಹೇಳಿದೆ. ಕರ್ಮದ ಹೆಸರಿಗೂ ಮುತ್ತಿಗೆಯ ಅರ್ಥಕ್ಕೂ ಇರುವ ಶ್ಲೇಷೆಯ ಮೇಲೆ ಇಡೀ ಆಖ್ಯಾಯಿಕೆ ನಿಂತಿದೆ. ದೇವತೆಗಳು ಒಂದು ಬಾಣವನ್ನು ಸಿದ್ಧಪಡಿಸುತ್ತಾರೆ. ಅಗ್ನಿ, ಸೋಮ, ವಿಷ್ಣು ಇವರೇ ಅದರ ಅವಯವಗಳು. ಅದನ್ನು ಎಸೆಯಬಲ್ಲವನು ರುದ್ರನೊಬ್ಬನೇ. ಆತನು ಪಶುಗಳ ಒಡೆತನವನ್ನು ವರವಾಗಿ ಕೇಳಿ ಪಡೆದು ಬಾಣವನ್ನು ಬಿಡುತ್ತಾನೆ. ಐತರೇಯ ಬ್ರಾಹ್ಮಣದಲ್ಲಿ ಇದೇ ಮೂರು ಲೋಹಗಳು ಭೂಮಿ, ಅಂತರಿಕ್ಷ, ದ್ಯುಲೋಕಗಳಿಗೆ ಸ್ಪಷ್ಟವಾಗಿ ಹೊಂದಿಕೊಂಡಿವೆ. ಗಮನಿಸಬೇಕಾದ ಅಂಶವೆಂದರೆ, ಈ ಪುರಗಳು ಎಲ್ಲಿಯೂ ಹಾರುವುದಿಲ್ಲ. ಮೂರು ಲೋಕಗಳನ್ನೇ ಕೋಟೆಗಳಾಗಿ ಮಾಡಿಕೊಂಡು ಅಸುರರು ಕುಳಿತಿದ್ದಾರೆ, ಅಷ್ಟೆ. ಯಜ್ಞದ ಒಂದು ವಿಧಿ ಏಕೆ ಮೂರು ದಿನ ನಡೆಯುತ್ತದೆಂಬ ಪ್ರಶ್ನೆಗೆ ಕೊಟ್ಟ ಉತ್ತರವಾಗಿ ಈ ಕಥೆ ಹುಟ್ಟಿದೆ.

ಮಹಾಭಾರತದ ಕರ್ಣಪರ್ವದಲ್ಲಿ ಈ ನಗರಗಳಿಗೆ ಚಲನೆ ಬಂದಿತು. ತಾರಕಾಕ್ಷ, ಕಮಲಾಕ್ಷ, ವಿದ್ಯುನ್ಮಾಲಿ ಎಂಬ ಮೂವರು ಸೋದರರು ಬ್ರಹ್ಮನಲ್ಲಿ ಅಮರತ್ವವನ್ನು ಕೇಳುತ್ತಾರೆ; ಅದು ದೊರೆಯದೆ ಹೋದಾಗ ಬುದ್ಧಿವಂತಿಕೆಯ ಇನ್ನೊಂದು ವರವನ್ನು ಬೇಡುತ್ತಾರೆ. ಮೂರು ನಗರಗಳಲ್ಲಿ ನೆಲೆಸಿ ಲೋಕಸಂಚಾರ ಮಾಡುತ್ತಿರುವ ತಾವು ಸಾವಿರ ವರ್ಷಗಳಿಗೊಮ್ಮೆ ಒಂದುಗೂಡಬೇಕು, ಹಾಗೆ ಒಂದುಗೂಡಿದಾಗ ಒಂದೇ ಬಾಣದಿಂದ ಯಾವನು ಅವನ್ನು ಕೆಡಹಬಲ್ಲನೋ ಅವನಿಂದ ಮಾತ್ರ ತಮಗೆ ಮರಣ. ಮಯನು ನಗರಗಳನ್ನು ಕಟ್ಟುತ್ತಾನೆ. ಸತ್ತವರನ್ನು ಬದುಕಿಸುವ ಒಂದು ಬಾವಿಯೂ ಅಸುರರಿಗೆ ತಪಸ್ಸಿನಿಂದ ದೊರೆಯುತ್ತದೆ. ಇಷ್ಟು ಹೇಳಿ ಕವಿ ನಗರಗಳ ರಚನೆಯ ವಿಷಯವನ್ನು ಕೈಬಿಡುತ್ತಾನೆ. ಲೋಹದ ಹೆಸರು, ನೂರು ಯೋಜನದ ಅಳತೆ, ಮನೆ ಉಪ್ಪರಿಗೆಗಳ ಸಾಮಾನ್ಯ ವರ್ಣನೆ ಇವುಗಳಿಂದಾಚೆಗೆ ಆ ನಗರಗಳು ಹೇಗೆ ಹಾರುತ್ತಿದ್ದುವು ಎಂಬುದಕ್ಕೆ ಒಂದು ಮಾತೂ ಇಲ್ಲ. ಅದೇ ಕವಿ ಶಿವನ ರಥದ ರಚನೆಗೆ ಬಂದಾಗ ಕೈ ಬಿಗಿ ಹಿಡಿಯುವುದಿಲ್ಲ: ಭೂಮಿಯೇ ರಥ, ಸೂರ್ಯಚಂದ್ರರೇ ಚಕ್ರಗಳು, ಬ್ರಹ್ಮನೇ ಸಾರಥಿ, ವಿಷ್ಣು ಅಗ್ನಿ ಸೋಮರೇ ಬಾಣ, ಪರ್ವತ, ನದಿ, ನಕ್ಷತ್ರ, ಋತು ಯಾವುದೂ ರಥದ ಒಂದಿಲ್ಲೊಂದು ಭಾಗವಾಗದೆ ಉಳಿಯುವುದಿಲ್ಲ. ನಗರವು ಕಥೆಗೆ ಬೇಕಾದದ್ದು ಬೀಳುವುದಕ್ಕೆ. ಅದನ್ನು ಬೀಳಿಸಲು ಜಗತ್ತೆಲ್ಲ ಒಂದು ರಥವಾಗಿ ಕೂಡಬೇಕಾಯಿತೆಂಬುದೇ ಕವಿಯ ಹೇಳಿಕೆ.

ಈ ಕಥೆಯನ್ನು ಹೇಳುವವನು ಯಾರು, ಯಾರಿಗೆ, ಏತಕ್ಕೆ ಎಂಬುದನ್ನು ಮರೆಯುವಂತಿಲ್ಲ. ಕರ್ಣನಿಗೆ ಸಾರಥಿಯಾಗಲು ಒಪ್ಪದೆ ಕೆರಳಿದ ಶಲ್ಯನನ್ನು ಒಲಿಸುವುದಕ್ಕಾಗಿ ದುರ್ಯೋಧನನು ಇದನ್ನು ಹೇಳುತ್ತಾನೆ. ಶಿವನಿಗೆ ಬ್ರಹ್ಮನು ಸಾರಥಿಯಾದನು, ರಥಿಕನಿಗಿಂತ ಸಾರಥಿ ಮಿಗಿಲಾಗಿರಬೇಕು ಎಂಬುದು ಅವನ ವಾದ. ದುರ್ಯೋಧನನಿಗೆ ಬೇಕಾದದ್ದು ಸಾರಥ್ಯದ ನಿದರ್ಶನ. ಕೇಳುವವನಿಗೆ ಕಾಣುವುದು ವರಬಲದಿಂದ ಬೀಗಿದವರ ಪತನ. ಹೇಳುವವನಿಗೆ ತನ್ನ ಕಥೆಯ ಅರ್ಥ ತಿಳಿಯದೆ ಹೋಗುವ ಈ ವ್ಯಂಗ್ಯವೇ ಕರ್ಣಪರ್ವದ ತ್ರಿಪುರೋಪಾಖ್ಯಾನದ ಜೀವಾಳ. ಕುಮಾರವ್ಯಾಸನೂ ತನ್ನ ಕರ್ಣಪರ್ವದಲ್ಲಿ ಈ ಪ್ರಸಂಗವನ್ನು ಬಿಡದೆ ತಂದಿದ್ದಾನೆ.

ಸೌಭದ ಕಥೆ ಇನ್ನೂ ಸ್ವಾರಸ್ಯವಾದದ್ದು. ವನಪರ್ವದ ಆರಂಭದಲ್ಲಿ, ಜೂಜಿನಲ್ಲಿ ಸರ್ವಸ್ವವನ್ನೂ ಕಳೆದುಕೊಂಡು ಕಾಡು ಸೇರಿದ ಪಾಂಡವರನ್ನು ಕಾಣಲು ಕೃಷ್ಣನು ಬರುತ್ತಾನೆ. ಆ ಜೂಜಿನ ಹೊತ್ತಿನಲ್ಲಿ ತಾನೇಕೆ ಹಸ್ತಿನಾವತಿಯಲ್ಲಿರಲಿಲ್ಲ ಎಂಬುದಕ್ಕೆ ಅವನು ಕೊಡುವ ಉತ್ತರವೇ ಸೌಭವಧೆಯ ಕಥನ. ಶಿಶುಪಾಲನ ಸಾವಿನ ಸೇಡಿಗಾಗಿ ಸಾಲ್ವನು ತನ್ನ ಇಚ್ಛಾಗಾಮಿ ನಗರದೊಡನೆ ದ್ವಾರಕೆಯ ಮೇಲೆ ಬಂದಿದ್ದನು. ಅವನನ್ನು ಬೆನ್ನಟ್ಟಿ ತಾನು ಸಮುದ್ರದವರೆಗೆ ಹೋಗಿದ್ದೆನು ಎನ್ನುತ್ತಾನೆ. ಒಂದು ಆಕಾಶನಗರವನ್ನು ಉರುಳಿಸುವ ಕಾಲದಲ್ಲಿ ನೆಲದ ಮೇಲಿನ ಒಂದು ರಾಜ್ಯ ಕೈತಪ್ಪಿಹೋಯಿತು.

ಇಲ್ಲಿ ಒಂದು ವಿವರ ವಿಶೇಷ ಪರಿಶೀಲನೆಗೆ ಅರ್ಹವಾಗಿದೆ. ಸಾಲ್ವನ ಮುತ್ತಿಗೆಯನ್ನು ಎದುರಿಸಲು ದ್ವಾರಕೆಯಲ್ಲಿ ಮಾಡಿಕೊಂಡ ಸಿದ್ಧತೆಗಳನ್ನು ಕವಿ ಆಡಳಿತಗಾರನ ಎಚ್ಚರದಿಂದ ಹೇಳಿದ್ದಾನೆ. ಮದ್ಯಪಾನವನ್ನು ನಿಷೇಧಿಸಲಾಯಿತು, ಸೇತುವೆಗಳನ್ನು ಕೆಡವಿ, ದೋಣಿಗಳ ಸಂಚಾರವನ್ನು ತಡೆಯಲಾಯಿತು, ಕಂದಕಗಳಲ್ಲಿ ಗೂಟಗಳನ್ನು ನೆಡಲಾಯಿತು, ಮುದ್ರೆಯಿಲ್ಲದವನು ಪಟ್ಟಣದಿಂದ ಹೊರಡುವಂತಿರಲಿಲ್ಲ, ಒಳಬರುವಂತೆಯೂ ಇರಲಿಲ್ಲ, ಸೈನಿಕರಿಗೆ ಸಂಬಳ, ಭತ್ಯ, ಆಯುಧಗಳನ್ನು ಮುಂಗಡವಾಗಿ ಸಲ್ಲಿಸಲಾಗಿತ್ತು. ಕೌಟಿಲ್ಯನ ಅರ್ಥಶಾಸ್ತ್ರದ ಮುದ್ರಾಧ್ಯಕ್ಷ ಪ್ರಕರಣವನ್ನು ಬಲ್ಲವರಿಗೆ ಈ ಮುದ್ರೆಯ ಮಾತು ಪರಿಚಿತವೇ. ಹೀಗೆ ನೆಲದ ಮೇಲಿನ ನಗರದ ವಿಷಯದಲ್ಲಿ ಇಷ್ಟು ಖಚಿತವಾಗಿ ಮಾತಾಡಬಲ್ಲ ಕವಿ ಸೌಭದ ವಿಷಯಕ್ಕೆ ಬಂದಾಗ ‘ಇಷ್ಟ ಬಂದಲ್ಲಿಗೆ ಹೋಗುವಂಥದು’ ಎಂದಷ್ಟೇ ಹೇಳಿ ಸುಮ್ಮನಾಗುತ್ತಾನೆ. ತಿಳಿವಳಿಕೆಯ ಕೊರತೆಯಿಂದ ಬಂದ ಮೌನವಿದಲ್ಲ. ಬಳಕೆಯಲ್ಲಿರುವ ವಸ್ತುವಿಗೂ ಕಲ್ಪನೆಯ ವಸ್ತುವಿಗೂ ಇರುವ ಭೇದವನ್ನು ಪ್ರಾಚೀನ ಕವಿ ತನ್ನ ಮಾತಿನ ಹದದಿಂದಲೇ ಸೂಚಿಸುತ್ತಾನೆ. ಮಹಾಭಾರತದಲ್ಲಿ ಪ್ರಾಚೀನ ವಿಮಾನವಿದ್ಯೆಯ ನೆನಪು ಅಡಗಿದೆಯೆಂದು ವಾದಿಸುವವರು ಈ ಎರಡು ವರ್ಣನೆಗಳನ್ನು ಅಕ್ಕಪಕ್ಕದಲ್ಲಿಟ್ಟು ಓದಬೇಕು.

ಸೌಭದ ನಿಜವಾದ ಶಕ್ತಿ ಇರುವುದು ಹಾರಾಟದಲ್ಲಲ್ಲ, ಮಾಯೆಯಲ್ಲಿ. ಯುದ್ಧದ ನಡುವೆ ಒಬ್ಬ ದೂತನು ಬಂದು ವಸುದೇವನು ಹತನಾದನೆಂದು ತಿಳಿಸುತ್ತಾನೆ. ಬಳಿಕ ಕೃಷ್ಣನು ತನ್ನ ತಂದೆ ಕೈಕಾಲು ಚಾಚಿಕೊಂಡು ಸೌಭದಿಂದ ಹಕ್ಕಿಯಂತೆ ಬೀಳುತ್ತಿರುವುದನ್ನು ಕಣ್ಣಾರೆ ಕಾಣುತ್ತಾನೆ. ಶಾರ್ಙ್ಗವು ಕೈಯಿಂದ ಜಾರುತ್ತದೆ. ಆತನು ಮೂರ್ಛೆ ಹೋಗುತ್ತಾನೆ. ಎಚ್ಚೆತ್ತಾಗ ಸೌಭವೂ ಇಲ್ಲ, ಸಾಲ್ವನೂ ಇಲ್ಲ, ತಂದೆಯೂ ಇಲ್ಲ. ಅವತಾರಪುರುಷನೆನಿಸಿದ ಕೃಷ್ಣನೇ ಕಣ್ಣಿಗೆ ಕಂಡದ್ದನ್ನು ನಂಬಿ ಆಯುಧ ಕೆಳಗಿಟ್ಟ ಈ ಸನ್ನಿವೇಶವನ್ನು ಅವನ ಬಾಯಿಂದಲೇ, ಸೋತು ಕುಳಿತ ಧರ್ಮರಾಯನ ಎದುರಿಗೆ ಹೇಳಿಸಿರುವುದು ಸಾಮಾನ್ಯ ಕೌಶಲವಲ್ಲ. ಕೊನೆಗೆ ಸುದರ್ಶನವು ಗರಗಸವು ಮರವನ್ನು ಸೀಳುವಂತೆ ಸೌಭವನ್ನು ಇಬ್ಭಾಗ ಮಾಡುತ್ತದೆ. ಮಹೇಶ್ವರನ ಬಾಣಕ್ಕೆ ತ್ರಿಪುರವು ಬಿದ್ದಂತೆ ಅದು ಬೀಳುತ್ತದೆ. ಭಾಗವತದ ದಶಮಸ್ಕಂಧಕ್ಕೆ ಬರುವ ಹೊತ್ತಿಗೆ ಸೌಭವು ಮಯನು ಕಟ್ಟಿಕೊಟ್ಟ ಲೋಹದ ಪುರವಾಗಿದೆ. ಒಂದು ನಗರದ ಲಕ್ಷಣಗಳು ಇನ್ನೊಂದಕ್ಕೆ ಹರಿದುಹೋಗುವುದು ಕಾವ್ಯಪರಂಪರೆಯ ಸಹಜ ವ್ಯಾಪಾರ. ಯಂತ್ರದ ನಕ್ಷೆಯ ಪರಂಪರೆಯಲ್ಲಿ ಹಾಗೆ ನಡೆಯುವುದಿಲ್ಲ.

ಮೂರನೆಯದಾದ ಹಿರಣ್ಯಪುರವನ್ನು ಅರ್ಜುನನು ನಿವಾತಕವಚರನ್ನು ಕೊಂದು ಹಿಂದಿರುಗುವಾಗ ಕಾಣುತ್ತಾನೆ. ಅದು ಆಕಾಶಕ್ಕೇರುತ್ತದೆ, ಅಡ್ಡಡ್ಡ ಸರಿಯುತ್ತದೆ, ನೀರಿನಲ್ಲಿ ಮುಳುಗುತ್ತದೆ. ಅದೂ ಬ್ರಹ್ಮನ ವರದಿಂದ ದೊರೆತದ್ದೇ. ದೇವತೆಗಳಿಂದ ಅವಧ್ಯವಾದ ಅದಕ್ಕೆ ಮನುಷ್ಯನ ಕೈಯಿಂದ ಅಳಿವು ಬರುತ್ತದೆ. ಈ ಕಥೆಗಳಲ್ಲೆಲ್ಲ ಹಾರುವ ನಗರವು ದಕ್ಷತೆಯ ಫಲವಾಗಿರುವುದಕ್ಕಿಂತ ವರದ ಫಲವಾಗಿಯೇ ಕಾಣಿಸಿಕೊಳ್ಳುತ್ತದೆ, ಮತ್ತು ವರದಲ್ಲಿ ಬಿಟ್ಟುಹೋದ ಒಂದು ಸಂದಿನಲ್ಲಿಯೇ ಅದರ ನಾಶವೂ ಅಡಗಿರುತ್ತದೆ.

ಇದಕ್ಕೆ ಹತ್ತಿರದ ಇನ್ನೊಂದು ಕಲ್ಪನೆಯೆಂದರೆ ಗಂಧರ್ವನಗರ. ಮೋಡಗಳಲ್ಲಿ, ದಿಗಂತದಲ್ಲಿ ಪಟ್ಟಣದಂತೆ ತೋರಿ ಮರೆಯಾಗುವ ನೋಟವನ್ನು ವರಾಹಮಿಹಿರನು ಬೃಹತ್ಸಂಹಿತೆಯ ಒಂದು ಅಧ್ಯಾಯದಲ್ಲಿ ಶಕುನವಾಗಿ ಪರಿಗಣಿಸಿ, ದಿಕ್ಕು ಬಣ್ಣಗಳಿಗನುಸಾರವಾಗಿ ಫಲ ಹೇಳಿದ್ದಾನೆ. ನಾಗಾರ್ಜುನ, ಗೌಡಪಾದರಂಥ ದಾರ್ಶನಿಕರಿಗೆ ಅದು ಸ್ವಪ್ನ ಮತ್ತು ಮಾಯೆಗಳ ಜೊತೆ ಹೇಳಬೇಕಾದ ಒಂದು ದೃಷ್ಟಾಂತ. ಆಕಾಶದಲ್ಲಿ ಕಂಡ ನಗರವನ್ನು ಸುಳ್ಳಿಗೆ ಉಪಮಾನವಾಗಿ ಬಳಸುವಷ್ಟು ಎಚ್ಚರ ಈ ಪರಂಪರೆಗೆ ಹಿಂದಿನಿಂದಲೂ ಇತ್ತು.

ಕನ್ನಡದಲ್ಲಿ ಈ ವಸ್ತು ಪಡೆದ ರೂಪಗಳಲ್ಲಿ ಹದಿಮೂರನೆಯ ಶತಮಾನದ ಜೈನಕವಿ ಶಿಶುಮಾಯಣನ ‘ತ್ರಿಪುರದಹನ ಸಾಂಗತ್ಯ’ ಅತ್ಯಂತ ಗಮನಾರ್ಹವಾದದ್ದು. ಸಾಂಗತ್ಯದ ಮೊದಲ ಕವಿಗಳಲ್ಲಿ ಒಬ್ಬನೆಂಬ ಕಾರಣಕ್ಕೆ ಸಾಹಿತ್ಯಚರಿತ್ರೆಗಳು ಇವನನ್ನು ಹೆಸರಿಸುತ್ತವೆ. ಅವನ ವಸ್ತುವಿನ ಸಾಹಸಕ್ಕೆ ಅಷ್ಟು ಗಮನ ಸಿಕ್ಕಿಲ್ಲ. ಶೈವಪುರಾಣದ ಕಥೆಯನ್ನು ತೆಗೆದುಕೊಂಡು ಆ ಮೂರು ಪುರಗಳನ್ನು ಜನನ, ಜರೆ, ಮರಣಗಳೆಂದು ಅವನು ಅರ್ಥೈಸಿದನು. ಅನ್ಯಮತದ ಕಥೆಯನ್ನು ಅಲ್ಲಗಳೆಯುವುದಕ್ಕೆ ಬದಲಾಗಿ ಅದರ ಒಳಗನ್ನೇ ಬದಲಿಸಿದ ಈ ಓದು ವೈದಿಕ ಮೂಲದಿಂದ ತೀರ ದೂರ ಹೋದಂತೆಯೂ ಕಾಣುವುದಿಲ್ಲ. ಉಪಸದಿಯ ಮೂರು ಪುರಗಳೂ ಇಟ್ಟಿಗೆಯ ಗೋಡೆಗಳಾಗಿರಲಿಲ್ಲವಷ್ಟೆ. ಬಳ್ಳಿಗಾವೆಯ ತ್ರಿಪುರಾಂತಕ ದೇವಾಲಯದ ಹೆಸರು, ಎಲ್ಲೋರದ ಕೈಲಾಸದಲ್ಲಿನ ತ್ರಿಪುರಾಂತಕ ಶಿಲ್ಪ, ಹಂಪೆಯ ವಿರೂಪಾಕ್ಷ ದೇವಾಲಯದ ರಂಗಮಂಟಪದ ಮೇಲ್ಛಾವಣಿಯ ಚಿತ್ರ ಇವುಗಳನ್ನೂ ಈ ಸಾಲಿನಲ್ಲಿ ಸೇರಿಸಬಹುದು. ಹಂಪೆಯ ಚಿತ್ರದ ಕಾಲದ ಬಗ್ಗೆ ಭಿನ್ನಾಭಿಪ್ರಾಯಗಳಿವೆ. ಆದರೆ ಅಲ್ಲಿಯೂ ಕಲಾವಿದನ ಕಣ್ಣು ನೆಟ್ಟಿರುವುದು ರಥದ ಮೇಲೆ, ಬಿಲ್ಲಿನ ಮೇಲೆ.

ಇಷ್ಟನ್ನು ಹಿನ್ನೆಲೆಯಾಗಿಟ್ಟುಕೊಂಡು ‘ವೈಮಾನಿಕ ಶಾಸ್ತ್ರ’ವನ್ನು ನೋಡಬೇಕು. ಗ್ರಂಥದ ಹುಟ್ಟಿನ ವೃತ್ತಾಂತ ಮುಚ್ಚುಮರೆಯದೇನೂ ಅಲ್ಲ. ಆನೇಕಲ್ಲಿನಲ್ಲಿ ನೆಲೆಸಿದ್ದ ಪಂಡಿತ ಸುಬ್ಬರಾಯ ಶಾಸ್ತ್ರಿಗಳು 1918ರಿಂದ 1923ರವರೆಗೆ ಇದನ್ನು ಬಾಯಲ್ಲಿ ಹೇಳಿದರು; ವೆಂಕಟಾಚಲ ಶರ್ಮರು ಬರೆದುಕೊಂಡರು. ಬೆಂಗಳೂರಿನ ಇಂಜಿನಿಯರಿಂಗ್ ಕಾಲೇಜೊಂದರಲ್ಲಿ ನಕ್ಷೆಗಾರರಾಗಿದ್ದ ಎಲ್ಲಪ್ಪನವರು 1923ರಲ್ಲಿ ಚಿತ್ರಗಳನ್ನು ರಚಿಸಿದರು. 1959ರಲ್ಲಿ ಹಿಂದಿ ಅನುವಾದದೊಡನೆ, 1973ರಲ್ಲಿ ಮೈಸೂರಿನ ಜಿ.ಆರ್. ಜೋಸ್ಯರ್ ಅವರಿಂದ ಇಂಗ್ಲಿಷ್ ಅನುವಾದದೊಡನೆ ಇದು ಪ್ರಕಟವಾಯಿತು. ಅಲೌಕಿಕ ದರ್ಶನದಿಂದ ಶಾಸ್ತ್ರಿಗಳಿಗೆ ಇದು ಸ್ಫುರಿಸಿತೆಂಬುದು ಅವರ ಸುತ್ತಲಿನವರ ನಂಬಿಕೆ. ಹಾಗಾದರೆ ‘ಪ್ರಾಚೀನ ಹಸ್ತಪ್ರತಿ’ ಎಂಬ ಮಾತಿಗೆ ಇಲ್ಲಿ ಎಡೆಯೇ ಇಲ್ಲ. ಇರುವುದು ಇಪ್ಪತ್ತನೆಯ ಶತಮಾನದ ಒಂದು ಬರವಣಿಗೆ, ಅದರ ಪ್ರತಿಗಳು.

ಇದೇ ಸೀಮೆಯಲ್ಲಿ ತುಸು ಹಿಂದೆ ನಡೆದ ಇನ್ನೊಂದು ಸಂಗತಿಯೊಡನೆ ಇದನ್ನು ಹೋಲಿಸುವುದು ಉಚಿತ. 1905ರಲ್ಲಿ ಮೈಸೂರಿನ ಪ್ರಾಚ್ಯ ಗ್ರಂಥಾಲಯಕ್ಕೆ ತಂಜಾವೂರು ಕಡೆಯ ಪಂಡಿತರೊಬ್ಬರಿಂದ ಬಂದ ಗ್ರಂಥಲಿಪಿಯ ಓಲೆಗರಿಯ ಪ್ರತಿಯಲ್ಲಿ ಆರ್. ಶಾಮಶಾಸ್ತ್ರಿಗಳು ಕೌಟಿಲ್ಯನ ಅರ್ಥಶಾಸ್ತ್ರವನ್ನು ಗುರುತಿಸಿ 1909ರಲ್ಲಿ ಪ್ರಕಟಿಸಿದರು. ಅದರ ಕರ್ತೃ ಮತ್ತು ಕಾಲದ ಬಗ್ಗೆ ವಾದಗಳು ಇಂದಿಗೂ ಮುಗಿದಿಲ್ಲ. ಆದರೆ ಅದೊಂದು ಪ್ರಾಚೀನ ಕೃತಿಯೆಂಬುದನ್ನು ಯಾರೂ ಸಂದೇಹಿಸಲಿಲ್ಲ. ಏಕೆಂದರೆ ಓಲೆಗರಿಗಳಿದ್ದುವು, ಬೇರೆ ಪ್ರತಿಗಳು ಸಿಕ್ಕಿದುವು, ವ್ಯಾಖ್ಯಾನಗಳು ದೊರೆತುವು, ಕಾಮಂದಕ ದಂಡಿಗಳಂಥವರು ಆ ಗ್ರಂಥವನ್ನು ಬಲ್ಲವರಾಗಿದ್ದರು. ವೈಮಾನಿಕ ಶಾಸ್ತ್ರಕ್ಕೆ ಇಂಥ ಬಹಿರಂಗ ಸಾಕ್ಷ್ಯ ಒಂದೂ ಇಲ್ಲ. ಅದು ತಾನೇ ಹತ್ತಾರು ಪೂರ್ವಾಚಾರ್ಯರನ್ನೂ ಗ್ರಂಥಗಳನ್ನೂ ಹೆಸರಿಸುತ್ತದೆ. ಅದನ್ನು ಹೆಸರಿಸುವ ಹಳೆಯ ಗ್ರಂಥ ಮಾತ್ರ ಕಾಣಸಿಗದು.

ಅಂತರಂಗ ಸಾಕ್ಷ್ಯವನ್ನು ಪರೀಕ್ಷಿಸುವ ಕೆಲಸ ಸಂಸ್ಕೃತ ವಿದ್ವಾಂಸರದಾಗಿತ್ತು. ಅದನ್ನು ಗಂಭೀರವಾಗಿ ಕೈಗೆತ್ತಿಕೊಂಡವರು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಎಚ್.ಎಸ್. ಮುಕುಂದ ಮತ್ತು ಅವರ ನಾಲ್ವರು ಸಹೋದ್ಯೋಗಿಗಳು ಎಂಬುದು ವಿದ್ವತ್ ವಲಯಕ್ಕೆ ಅಷ್ಟೇನೂ ಹೆಮ್ಮೆ ತರುವ ಸಂಗತಿಯಲ್ಲ. 1974ರಲ್ಲಿ ಪ್ರಕಟವಾದ ಅವರ ಅಧ್ಯಯನವು ಗ್ರಂಥದ ಅನುಷ್ಟುಪ್ ಶ್ಲೋಕಗಳ ಭಾಷೆ ವೈದಿಕವಲ್ಲ, ಈಚಿನ ಸರಳ ಸಂಸ್ಕೃತ ಎಂದು ತೋರಿಸಿತು. ಗ್ರಂಥವು 1904ಕ್ಕಿಂತ ಹಿಂದಿನದಾಗಿರಲಾರದೆಂದು ನಿರ್ಣಯಿಸಿತು. ಚಿತ್ರಗಳಿಗೂ ಮೂಲಪಾಠಕ್ಕೂ ಹೊಂದಾಣಿಕೆಯಿಲ್ಲ. ಚಿತ್ರಗಳಲ್ಲಿ ಆಧುನಿಕ ಯಂತ್ರಗಳ ಪರಿಚಯ ಎದ್ದು ಕಾಣುತ್ತದೆ. ವರ್ಣಿತವಾದ ಯಾವ ವಿಮಾನಕ್ಕೂ ಹಾರುವ ಗುಣವಿಲ್ಲ. ಇಷ್ಟಾದ ಮೇಲೂ 2015ರ ಜನವರಿಯಲ್ಲಿ ಮುಂಬಯಿಯಲ್ಲಿ ನಡೆದ ಭಾರತೀಯ ವಿಜ್ಞಾನ ಕಾಂಗ್ರೆಸ್ಸಿನ ಅಧಿವೇಶನದಲ್ಲಿ ಪ್ರಾಚೀನ ವಿಮಾನಗಳ ಕುರಿತ ಪ್ರಬಂಧ ಮಂಡನೆಯಾಯಿತು.

ವಿಮಾನಗಳು ಹಾರಲಾರವು ಎಂಬ ತೀರ್ಮಾನ ಇಂಜಿನಿಯರರಿಗೆ ಸಾಕು. ಸಾಹಿತ್ಯವಿಮರ್ಶೆ ಕೇಳಬೇಕಾದ ಪ್ರಶ್ನೆ ಬೇರೆ. ವೈಮಾನಿಕ ಶಾಸ್ತ್ರದ ‘ತ್ರಿಪುರವಿಮಾನ’ಕ್ಕೆ ಮೂರು ಆವರಣಗಳಿವೆ, ಒಂದು ನೆಲದ ಮೇಲೆ, ಒಂದು ನೀರಿನಲ್ಲಿ, ಒಂದು ಗಾಳಿಯಲ್ಲಿ ಚಲಿಸತಕ್ಕದ್ದು. ಮೂರೆಂಬ ಸಂಖ್ಯೆಯನ್ನೂ ಹೆಸರನ್ನೂ ಉಳಿಸಿಕೊಂಡು ಉಳಿದುದೆಲ್ಲವನ್ನೂ ಈ ಗ್ರಂಥ ಬಿಟ್ಟುಕೊಟ್ಟಿದೆ. ಇಲ್ಲಿ ವರವಿಲ್ಲ, ವರದ ಸಂದಿಲ್ಲ, ಸಾವಿರ ವರ್ಷಗಳ ಕಾಯುವಿಕೆಯಿಲ್ಲ, ಒಂದುಗೂಡುವ ಕ್ಷಣವಿಲ್ಲ, ಬಾಣವಿಲ್ಲ. ತ್ರಿಪುರ ಇದೆ, ತ್ರಿಪುರಾಂತಕನಿಲ್ಲ. ಅಸುರರ ನಗರವೊಂದು ಹೆಮ್ಮೆಯ ಆಸ್ತಿಯಾಗಿದೆ. ಕರ್ಣಪರ್ವದಲ್ಲಿ ಕಥೆಯ ಅರ್ಥ ತಿಳಿಯದೆ ಕಥೆ ಹೇಳಿದ ದುರ್ಯೋಧನನಾದರೂ ಶಿವನ ಪಕ್ಷದಲ್ಲಿ ನಿಂತು ಹೇಳಿದ್ದನು; ತಾರಕಾಕ್ಷನ ನಗರವನ್ನು ಪೂರ್ವಜರ ಸಾಧನೆಯೆಂದು ಅವನು ಕೊಂಡಾಡಲಿಲ್ಲ.

ಯಂತ್ರಗಳ ವಿಷಯದಲ್ಲಿ ನಿಜವಾದ ಹಳೆಯ ಗ್ರಂಥ ಹೇಗೆ ಮಾತಾಡುತ್ತದೆಂಬುದಕ್ಕೆ ಧಾರಾನಗರದ ಪರಮಾರ ಭೋಜನ ‘ಸಮರಾಂಗಣ ಸೂತ್ರಧಾರ’ ನಿದರ್ಶನವಾಗಿದೆ. ಹನ್ನೊಂದನೆಯ ಶತಮಾನದ ಈ ವಾಸ್ತುಗ್ರಂಥವನ್ನು ಟಿ. ಗಣಪತಿ ಶಾಸ್ತ್ರಿಗಳು ಸಂಪಾದಿಸಿದರು. ಬರೋಡಾದ ಗಾಯಕವಾಡ ಮಾಲೆಯಲ್ಲಿ 1924-25ರಲ್ಲಿ ಪ್ರಕಟವಾಯಿತು. ಅದರ ಮೂವತ್ತೊಂದನೆಯ ಅಧ್ಯಾಯದಲ್ಲಿ ಅರಮನೆಯ ಧಾರಾಗೃಹ, ಚಲಿಸುವ ಗೊಂಬೆ, ಯಂತ್ರದ ದ್ವಾರಪಾಲಕ ಇವುಗಳ ನಡುವೆ ಹಗುರ ಮರದ ದೊಡ್ಡ ಹಕ್ಕಿಯೊಂದರ ಪ್ರಸ್ತಾಪ ಬರುತ್ತದೆ. ಅದರ ಹೊಟ್ಟೆಯಲ್ಲಿ ಪಾದರಸ, ಕೆಳಗೆ ಬೆಂಕಿ. ನಿರ್ಮಾಣಕ್ರಮವನ್ನು ಹೇಳದಿರುವುದು ಅಜ್ಞಾನದಿಂದಲ್ಲ, ಗೋಪ್ಯಕ್ಕಾಗಿ ಎಂದು ಭೋಜನು ಜಾಣತನದಿಂದ ಜಾರಿಕೊಳ್ಳುತ್ತಾನೆ. ಆ ಸಮಜಾಯಿಷಿಯನ್ನು ಎಷ್ಟು ನಂಬಬೇಕೆಂಬುದು ಓದುಗರಿಗೆ ಬಿಟ್ಟದ್ದು. ತನಗೆ ಹೇಳಲಾಗದ್ದನ್ನು ಹೇಳಿದೆನೆಂದು ಮಾತ್ರ ಅವನು ನಟಿಸಲಿಲ್ಲ.

ಸುಬ್ಬರಾಯ ಶಾಸ್ತ್ರಿಗಳನ್ನು ವಂಚಕರೆಂದು ತಳ್ಳಿಹಾಕುವುದು ಸುಲಭ. ಅದರಿಂದ ಏನೂ ತಿಳಿದಂತಾಗುವುದಿಲ್ಲ. 1903ರಲ್ಲಿ ರೈಟ್ ಸೋದರರ ಯಂತ್ರ ಹಾರಿತು. ಮೊದಲ ಮಹಾಯುದ್ಧದಲ್ಲಿ ವಿಮಾನಗಳು ಆಯುಧಗಳಾದುವು. ಆ ಯುದ್ಧ ಮುಗಿಯುವ ವರ್ಷದಲ್ಲಿ ಒಬ್ಬ ಬಡ ಪಂಡಿತರು ತಮಗೆ ಗೊತ್ತಿದ್ದ ಒಂದೇ ರೂಪದಲ್ಲಿ, ಶ್ಲೋಕದಲ್ಲಿ, ಅದೇ ಸಂಗತಿಗೆ ಉತ್ತರವನ್ನು ಹೇಳತೊಡಗಿದರು. ವಿಮಾನಚಾಲಕನು ತಿಳಿದಿರಬೇಕಾದ ಮೂವತ್ತೆರಡು ರಹಸ್ಯಗಳು, ಬಗೆಬಗೆಯ ಲೋಹಗಳು, ದರ್ಪಣಗಳು ಇವೆಲ್ಲ ಆ ಕಾಲದ ಆಸೆಯ ದಾಖಲೆಗಳು. 1918ರ ಕೃತಿಯೆಂದು ಒಪ್ಪಿಕೊಂಡು ಓದಿದರೆ ವೈಮಾನಿಕ ಶಾಸ್ತ್ರಕ್ಕೆ ವಸಾಹತು ಕಾಲದ ಭಾರತೀಯ ಮನಸ್ಸಿನ ಚರಿತ್ರೆಯಲ್ಲಿ ಒಂದು ಸ್ಥಾನ ದೊರೆಯುತ್ತದೆ. ಭರದ್ವಾಜನದೆಂದು ಹಟ ಹಿಡಿದರೆ ಆ ಸ್ಥಾನವೂ ತಪ್ಪುತ್ತದೆ. ಅದರ ಪಾಠವನ್ನು, ಅದು ಹೆಸರಿಸುವ ಗ್ರಂಥಗಳ ಪಟ್ಟಿಯನ್ನು, ಅದರ ಸಂಸ್ಕೃತದ ಒಳಗೆ ಸುಳಿಯುವ ದೇಶಭಾಷೆಯ ಛಾಯೆಗಳನ್ನು ಈ ದೃಷ್ಟಿಯಿಂದ ಪರಿಶೀಲಿಸುವ ಕೆಲಸ ಇನ್ನೂ ನಡೆಯಬೇಕಾಗಿದೆ.

ಹಿರಣ್ಯಪುರದ ಕಥೆಯಲ್ಲಿ ನಗರ ಒಡೆದ ಮೇಲೆ ವ್ಯಾಸರು ಅಲ್ಲಿಯ ಹೆಂಗಸರನ್ನು ತೋರಿಸುತ್ತಾರೆ. ಕೆದರಿದ ತಲೆಯಿಂದ, ಗಂಡಂದಿರನ್ನೂ ಮಕ್ಕಳನ್ನೂ ಕಳೆದುಕೊಂಡು ಅಳುತ್ತ ಅವರು ಹೊರಬರುತ್ತಾರೆ. ಆನೆಗಳಿಲ್ಲದ ಮಡುವಿನಂತೆ, ಒಣಗಿದ ಮರಗಳ ಕಾಡಿನಂತೆ, ಗಂಧರ್ವನಗರದಂತೆ ಆ ಪುರವು ಕಾಣದಾಯಿತು ಎಂದು ಹೇಳುವವನು ಅದನ್ನು ಕೆಡವಿದ ಅರ್ಜುನನೇ.